ಮೆಟ್ರಿಕ್ ದಾಟದ ಡಿ.ವಿ.ಜಿ.

ದೇವನಹಳ್ಳಿ ವೆಂಕಟರಮಣಯ್ಯ ಗುಂಡಪ್ಪನವರು ಹುಟ್ಟಿದ್ದು ನಮ್ಮ ಕೋಲಾರ ಜಿಲ್ಲೆಯ ಮುಳಬಾಗಿಲಿನಲ್ಲಿ, 1887ರ ಮಾರ್ಚ್ 17ರಂದು. ತಂದೆ ವೆಂಕಟರಮಣಯ್ಯನವರು, ತಾಯಿ ಅಲಮೇಲಮ್ಮನವರು. ‘ಮಂಕುತಿಮ್ಮನ ಕಗ್ಗ’ ಬರೆದ ಡಿ.ವಿ.ಜಿ. ಎಂದರೆ ಯಾರಿಗೂ ಪರಿಚಯ ಬೇಕಿಲ್ಲ. ಅವರ ಪದ್ಯಗಳು ಶಾಲೆಯ ಪಠ್ಯಪುಸ್ತಕಗಳಲ್ಲಿ ಬಂದಿವೆ. ಅವುಗಳ ಭಾವಾರ್ಥ ಬರೆದು ಎಷ್ಟೋ ಮಕ್ಕಳು ಅಂಕ ಗಳಿಸಿದ್ದಾರೆ. ಆದರೆ ಅವುಗಳನ್ನು ಬರೆದವರು ಮೆಟ್ರಿಕ್ಯುಲೇಷನ್ ಪರೀಕ್ಷೆಯಲ್ಲಿ ತೇರ್ಗಡೆಯಾಗಿರಲಿಲ್ಲ ಎಂಬ ಸಂಗತಿಯನ್ನು ತರಗತಿಯಲ್ಲಿ ಹೇಳುವವರು ಕಡಿಮೆ.

ಮುಳಬಾಗಿಲಿನಲ್ಲಿ ಲೋಯರ್ ಸೆಕೆಂಡರಿ ಮುಗಿಸಿದ ಹುಡುಗನನ್ನು ಮುಂದಿನ ಓದಿಗೆ ಮೈಸೂರಿಗೆ ಕಳಿಸುವುದು ಮನೆಯವರಿಗೆ ಸುಲಭವಾಗಿರಲಿಲ್ಲ. ಆಗ ಒತ್ತಾಸೆಯಾಗಿ ನಿಂತವರು ಜಟಕಾ ಹೊಡೆಯುತ್ತಿದ್ದ ರಸೂಲ್ ಖಾನ್ ಸಾಹೇಬರು. ಅವರೇ ಹುಡುಗನನ್ನು ತಮ್ಮ ಗಾಡಿಯಲ್ಲಿ ಕೂರಿಸಿಕೊಂಡು ಬೌರಿಂಗ್‌ಪೇಟೆಗೆ, ಅಂದರೆ ನಮ್ಮ ಇಂದಿನ ಬಂಗಾರಪೇಟೆಗೆ ಕರೆತಂದು ರೈಲು ಹತ್ತಿಸಿದರು. ಈ ಹುಡುಗ ಓದಬಲ್ಲ ಎಂದು ನಂಬುವುದಕ್ಕೆ ಅವರಿಗೆ ಯಾವ ಅಂಕಪಟ್ಟಿಯೂ ಬೇಕಾಗಲಿಲ್ಲ. ಡಿ.ವಿ.ಜಿ. ಆ ಉಪಕಾರವನ್ನು ಕಡೆಯವರೆಗೂ ಮರೆಯಲಿಲ್ಲ. ದೊಡ್ಡ ದೊಡ್ಡವರ ನೆನಪುಗಳನ್ನು ಬರೆದ ‘ಜ್ಞಾಪಕ ಚಿತ್ರಶಾಲೆ’ಯಲ್ಲಿ ಅವರನ್ನೂ ಪ್ರೀತಿಯಿಂದ ನೆನೆದಿದ್ದಾರೆ.

ಓದು ಮೈಸೂರಿನಲ್ಲೂ ಬಳಿಕ ಕೋಲಾರದಲ್ಲೂ ನಡೆಯಿತು. ಮೆಟ್ರಿಕ್ಯುಲೇಷನ್ ಮಾತ್ರ ಕೈಗೂಡಲಿಲ್ಲ. ಶಾಲೆಯ ಓದು ಅಲ್ಲಿಗೇ ನಿಂತಿತು. ಸ್ವಲ್ಪ ಕಾಲ ಮುಳಬಾಗಿಲಿನ ಶಾಲೆಯಲ್ಲಿ ಬದಲಿ ಮೇಷ್ಟ್ರ ಕೆಲಸ, ಆಮೇಲೆ ನಮ್ಮ ಚಿನ್ನದ ಗಣಿ ಪ್ರದೇಶದ ಸೋಡಾ ಕಾರ್ಖಾನೆಯೊಂದರಲ್ಲಿ ಕೆಲಸ. ಶಿವನಸಮುದ್ರದ ವಿದ್ಯುತ್ತು 1902ರಲ್ಲಿ ಗಣಿಗಳಿಗೆ ಬಂದು ಕೆ.ಜಿ.ಎಫ್. ಭರದಿಂದ ಬೆಳೆಯುತ್ತಿದ್ದ ಕಾಲ ಅದು. ನಂದಿದುರ್ಗ, ಚಾಂಪಿಯನ್ ರೀಫ್, ಊರಿಗಾಂ, ಮೈಸೂರು ಗಣಿಗಳಿಗೆ ಎಲ್ಲೆಲ್ಲಿಂದಲೋ ಜನ ಬದುಕು ಹುಡುಕಿಕೊಂಡು ಬರುತ್ತಿದ್ದರು. ಪರೀಕ್ಷೆಯಲ್ಲಿ ಸೋತ ಈ ತರುಣನೂ ಅವರಲ್ಲಿ ಒಬ್ಬ. ಕೆಲಸ ಒಗ್ಗಲಿಲ್ಲ, ಬೆಂಗಳೂರಿಗೆ ಹೋದರು. ಅಲ್ಲಿ ಮೊದಲು ಸಿಕ್ಕಿದ್ದು ಕುದುರೆಗಾಡಿಗೆ ಬಣ್ಣ ಹಚ್ಚುವ ಕಾರ್ಖಾನೆಯ ಕೆಲಸ.

ಇಲ್ಲಿ ಒಂದು ಎಚ್ಚರಿಕೆ ಹೇಳಬೇಕು. ಡಿ.ವಿ.ಜಿ.ಯೇ ಫೇಲಾಗಿದ್ದರು, ನಾನೂ ಫೇಲಾದರೇನು ಎಂದು ಪುಸ್ತಕ ಮುಚ್ಚುವ ಹುಡುಗರಿಗೆ ಈ ಕಥೆ ಅಲ್ಲ. ಪಾಸಾದವರಿಗಿಂತ ಹೆಚ್ಚು ಓದಿದವರು ಅವರು. ಸಂಸ್ಕೃತ, ವೇದಾಂತ, ಇಂಗ್ಲಿಷ್ ಸಾಹಿತ್ಯ, ರಾಜ್ಯಶಾಸ್ತ್ರ ಎಲ್ಲವನ್ನೂ ಪದವಿಯ ಆಸೆಯಿಲ್ಲದೆ, ಹಿರಿಯರನ್ನು ಕೇಳಿ, ತಾವೇ ಓದಿ ಕಲಿತರು. ಪತ್ರಿಕೆಗಳಿಗೆ ಬರೆಯತೊಡಗಿ, 1913ರಲ್ಲಿ ‘ಕರ್ನಾಟಕ’ ಎಂಬ ಪತ್ರಿಕೆ ಆರಂಭಿಸಿದರು. ಅದು ಇಂಗ್ಲಿಷ್ ಪತ್ರಿಕೆ! ಮೆಟ್ರಿಕ್ ದಾಟದವರು ಅದರ ಸಂಪಾದಕರು.

ಅದೇ 1887ರಲ್ಲಿ ಹುಟ್ಟಿದ ಗಣಿತಜ್ಞ ಶ್ರೀನಿವಾಸ ರಾಮಾನುಜನ್ ಕೂಡ ಎಫ್.ಎ. ಪರೀಕ್ಷೆ ದಾಟಲಿಲ್ಲ. ಗಣಿತದಲ್ಲೇ ಮುಳುಗಿ ಬೇರೆ ವಿಷಯಗಳಲ್ಲಿ ಹಿಂದುಳಿದರು. ಮೂರು ಗಂಟೆಯ ಉತ್ತರಪತ್ರಿಕೆ ಒಂದು ದಿನದ ಲೆಕ್ಕ ಹೇಳುತ್ತದೆ, ಅಷ್ಟೇ. ಮಕ್ಕಳ ಕೈ ನಡುಗುವುದು ಪ್ರಶ್ನೆಗೆ ಹೆದರಿ ಅಲ್ಲ. ಉತ್ತರ ತಪ್ಪಿದರೆ ಮನೆಯಲ್ಲಿ ತನಗೆ ಜಾಗವಿದೆಯೇ ಎಂಬ ಅನುಮಾನಕ್ಕೆ. ನಮ್ಮ ಗಣಿ ಕಾಲೋನಿಗಳಲ್ಲಿ ಫಲಿತಾಂಶದ ದಿನ ಮನೆಗೆ ಬರಲು ಅಂಜಿ ಕತ್ತಲಾಗುವವರೆಗೂ ಹೊರಗೇ ಉಳಿದ ಮಕ್ಕಳಿದ್ದಾರೆ. ಅಂಥ ಮಗುವನ್ನು ಹುಡುಕಿಕೊಂಡು ಹೋಗಿ ಊಟಕ್ಕೆ ಕರೆತರುವ ಒಬ್ಬರಾದರೂ ಬೇಕು. ಪಕ್ಕದ ಮನೆಯ ಅಂಕದೊಡನೆ ಹೋಲಿಸುವುದನ್ನು ಪರೀಕ್ಷೆಗೆ ತಿಂಗಳು ಮೊದಲೇ ನಿಲ್ಲಿಸಬೇಕು. ಈಗ ಅದೇ ವರ್ಷ ಮತ್ತೆ ಬರೆಯುವ ಅವಕಾಶವಿದೆ ಎಂಬುದನ್ನು ಫಲಿತಾಂಶ ಬಂದ ಮೇಲಲ್ಲ, ಪರೀಕ್ಷೆಗೆ ಮೊದಲೇ ಮಗುವಿಗೆ ತಿಳಿಸಬೇಕು. ಬಿದ್ದರೆ ಏಳಲು ದಾರಿಯಿದೆ ಎಂದು ಗೊತ್ತಿರುವ ಮಗು ನಿಶ್ಚಿಂತೆಯಿಂದ ಬರೆಯುತ್ತದೆ.

ಮುಂದಿನದು ಎಲ್ಲರಿಗೂ ತಿಳಿದದ್ದೇ. 1932ರಲ್ಲಿ ಮಡಿಕೇರಿಯ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆ, 1943ರಲ್ಲಿ ‘ಕಗ್ಗ’, 1967ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ, 1974ರಲ್ಲಿ ಪದ್ಮಭೂಷಣ. ನನಗೆ ಇವೆಲ್ಲಕ್ಕಿಂತ ಸ್ವಾರಸ್ಯವೆನಿಸುವುದು ಬೇರೆ. ಕಾಲೇಜಿನ ಮೆಟ್ಟಿಲು ಹತ್ತದವರು ಮೈಸೂರು ವಿಶ್ವವಿದ್ಯಾನಿಲಯದ ಸೆನೆಟ್ ಸದಸ್ಯರಾಗಿ ಅದರ ಆಡಳಿತದ ವಿಚಾರಗಳಲ್ಲಿ ಸಲಹೆ ಕೊಟ್ಟರು. 1961ರಲ್ಲಿ ಅದೇ ವಿಶ್ವವಿದ್ಯಾನಿಲಯ ಅವರಿಗೆ ಗೌರವ ಡಿ.ಲಿಟ್. ಪದವಿ ಕೊಟ್ಟಿತು.

1945ರಲ್ಲಿ ಅವರು ಬೆಂಗಳೂರಿನಲ್ಲಿ ಗೋಖಲೆ ಸಾರ್ವಜನಿಕ ವಿಚಾರಸಂಸ್ಥೆಯನ್ನು ಕಟ್ಟಿದರು. ಅಲ್ಲಿನ ಅಧ್ಯಯನ ಗೋಷ್ಠಿಗೆ ಬರುತ್ತಿದ್ದ ತರುಣರೊಡನೆ ಕುಳಿತು ವರ್ಷಗಟ್ಟಲೆ ಓದಿದರು, ಚರ್ಚಿಸಿದರು. 1970ರಲ್ಲಿ ನಾಡಿನ ಜನ ಸನ್ಮಾನಿಸಿ ಅರ್ಪಿಸಿದ ಒಂದು ಲಕ್ಷ ರೂಪಾಯಿಯ ನಿಧಿಯನ್ನು ಆ ಸಂಸ್ಥೆಗೇ ಕೊಟ್ಟುಬಿಟ್ಟರು. 1975ರ ಅಕ್ಟೋಬರ್ 7ರಂದು ತೀರಿಕೊಂಡರು. ಬಸವನಗುಡಿಯಲ್ಲಿ ಆ ಸಂಸ್ಥೆ ಇಂದೂ ನಡೆಯುತ್ತಿದೆ.