ಗೋದಲಿಯ ಶಾಂತಿದೂತ ಪಾಬ್ಲೊ ಕಸಾಲ್ಸ್

ಕ್ರಿಸ್ಮಸ್ ಬಂತೆಂದರೆ ಶಿವಾಜಿನಗರದ ನಮ್ಮ ಮನೆಮನೆಗಳಲ್ಲಿ ಗೋದಲಿ ಸಿದ್ಧವಾಗುತ್ತದೆ. ಆ ಗೋದಲಿಯನ್ನೇ ಶಾಂತಿಯ ಸಂದೇಶವಾಗಿ ಲೋಕಕ್ಕೆ ಸಾರಿದವರು ಚೆಲ್ಲೊ ವಾದಕ ಪಾಬ್ಲೊ ಕಸಾಲ್ಸ್.

1876ರಲ್ಲಿ ಸ್ಪೇನಿನ ಕತಲೋನಿಯಾ ಪ್ರಾಂತ್ಯದ ಎಲ್ ವೆಂಡ್ರೆಲ್ ಊರಿನಲ್ಲಿ, ದೇವಾಲಯದ ಆರ್ಗನ್ ವಾದಕರೊಬ್ಬರ ಮಗನಾಗಿ ಜನಿಸಿದ ಅವರು ವಿಶ್ವಖ್ಯಾತಿ ಗಳಿಸಿದರು. 1939ರಲ್ಲಿ ಫ್ರಾಂಕೋ ಸರ್ವಾಧಿಕಾರಕ್ಕೆ ತಲೆಬಾಗದೆ ತಾಯ್ನಾಡನ್ನು ತೊರೆದು ಫ್ರಾನ್ಸ್ ಸೇರಿದರು. ಮಹಾಯುದ್ಧದ ಬಳಿಕವೂ ರಾಷ್ಟ್ರಗಳು ಆ ಆಡಳಿತವನ್ನು ಸಹಿಸಿಕೊಂಡದ್ದನ್ನು ಪ್ರತಿಭಟಿಸಿ, ಕೆಲವು ವರ್ಷ ಸಂಗೀತ ವೇದಿಕೆಯನ್ನೇ ತ್ಯಜಿಸಿದರು. ಕೊನೆಗೆ ನೆಲೆಸಿದ್ದು ತಾಯಿಯ ಹುಟ್ಟುನಾಡಾದ ಪೋರ್ಟೊ ರಿಕೊದಲ್ಲಿ.

ಗೋದಲಿಯ ಕಥೆಗೆ ಅವರು ಸಂಗೀತ ಸಂಯೋಜಿಸಿದ ‘ಎಲ್ ಪೆಸೆಬ್ರೆ’ ಗಾನರೂಪಕವು 1960ರಲ್ಲಿ ಮೆಕ್ಸಿಕೋದಲ್ಲಿ ಮೊದಲು ಮೊಳಗಿತು. ಇಳಿವಯಸ್ಸಿನಲ್ಲಿಯೂ ಅದನ್ನು ಶಾಂತಿಗಾಗಿ ದೇಶದೇಶಗಳಲ್ಲಿ ತಾವೇ ನಿರ್ದೇಶಿಸಿದರು. 1973ರಲ್ಲಿ ನಿಧನರಾದ ಅವರ ಪಾರ್ಥಿವ ಶರೀರವು ಹುಟ್ಟೂರಿನ ಮಣ್ಣನ್ನು ಸೇರಿದ್ದು, ಸ್ಪೇನಿಗೆ ಪ್ರಜಾಪ್ರಭುತ್ವ ಮರಳಿದ ನಂತರ, 1979ರಲ್ಲಿ.