ಗಣಿತಾಚಾರ್ಯ ಮಹಾವೀರ

ಒಂಬತ್ತನೆಯ ಶತಮಾನದಲ್ಲಿ ಕನ್ನಡನಾಡು ರಾಷ್ಟ್ರಕೂಟರ ಆಳ್ವಿಕೆಯಲ್ಲಿತ್ತು. ಮಾನ್ಯಖೇಟವನ್ನು ರಾಜಧಾನಿಯಾಗಿ ಮಾಡಿಕೊಂಡಿದ್ದ ಅಮೋಘವರ್ಷ ನೃಪತುಂಗನು (814–878) ಕವಿಗಳಿಗೂ ಪಂಡಿತರಿಗೂ ಆಶ್ರಯವಿತ್ತನು. ಇಂದು ಶಿಕಾರಿಪುರ ತಾಲ್ಲೂಕಿಗೆ ಸೇರಿರುವ ತೊಗರ್ಸಿಯ ಸೀಮೆಯೂ ಬನವಾಸಿನಾಡಿನ ಭಾಗವಾಗಿ ಅವನ ರಾಜ್ಯಕ್ಕೆ ಒಳಪಟ್ಟಿತ್ತು. ‘ಕವಿರಾಜಮಾರ್ಗ’ವು ಹುಟ್ಟಿದ ಆ ಕಾಲದಲ್ಲಿಯೇ ‘ಗಣಿತಸಾರಸಂಗ್ರಹ’ವೆಂಬ ಸಂಸ್ಕೃತ ಗ್ರಂಥವೂ ರಚಿತವಾಯಿತು. ಅದರ ಕರ್ತೃವೇ ಜೈನ ಪಂಡಿತನಾದ ಮಹಾವೀರಾಚಾರ್ಯ. ಇವನು ತೀರ್ಥಂಕರ ಮಹಾವೀರನಲ್ಲ. ಅವನಿಗಿಂತ ಸಾವಿರಕ್ಕೂ ಹೆಚ್ಚು ವರ್ಷಗಳ ಅನಂತರ ಬಾಳಿದವನು.

ಆಚಾರ್ಯನ ಮನೆತನ, ಹುಟ್ಟೂರುಗಳ ವಿವರಗಳನ್ನು ಕಾಲವು ಅಳಿಸಿಬಿಟ್ಟಿದೆ. ಗ್ರಂಥದ ಆರಂಭದಲ್ಲಿ ಅಮೋಘವರ್ಷನನ್ನು ಸ್ತುತಿಸಿರುವುದರಿಂದ ಅವನ ಕಾಲವು ತಿಳಿಯುತ್ತದೆ. ಗ್ರಂಥದ ಉಳಿದ ಭಾಗದಿಂದ ಅವನ ಮನಸ್ಸು ತಿಳಿಯುತ್ತದೆ.

ಅಂದು ಗಣಿತವು ಬಹುಮಟ್ಟಿಗೆ ಜ್ಯೋತಿಷದ ಅಂಗವಾಗಿತ್ತು. ಆರ್ಯಭಟ, ಬ್ರಹ್ಮಗುಪ್ತರಂತಹ ಮಹನೀಯರು ಗ್ರಹಗತಿಯನ್ನು ವಿವರಿಸುವ ಗ್ರಂಥಗಳಲ್ಲಿ ಗಣಿತಕ್ಕೆ ಕೆಲವು ಅಧ್ಯಾಯಗಳನ್ನು ಮೀಸಲಿಟ್ಟಿದ್ದರು. ಮಹಾವೀರನಾದರೋ ಇಡೀ ಗ್ರಂಥವನ್ನು ಗಣಿತಕ್ಕೇ ಅರ್ಪಿಸಿದನು. ಅಡುಗೆ, ಸಂಗೀತ, ವೈದ್ಯ, ವಾಸ್ತು, ವ್ಯಾಪಾರ ಇವುಗಳಲ್ಲೆಲ್ಲ ಲೆಕ್ಕವು ಬೇಕೆಂಬುದನ್ನು ಮೊದಲಿಗೇ ಸಾರಿದನು.

ವರ್ಗಮೂಲವನ್ನು ಕಲಿಸಲು ಅವನು ಹಿಡಿದ ದಾರಿಯೂ ಲೋಕವ್ಯವಹಾರದ್ದೇ. ಅವನ ಒಂದು ಲೆಕ್ಕದಲ್ಲಿ ಒಂಟೆಗಳ ಹಿಂಡೊಂದು ಬರುತ್ತದೆ. ಹಿಂಡಿನ ಕಾಲುಭಾಗ ಕಾಡಿನಲ್ಲಿದೆ; ಒಟ್ಟು ಸಂಖ್ಯೆಯ ವರ್ಗಮೂಲದ ಎರಡರಷ್ಟು ಬೆಟ್ಟದ ತಪ್ಪಲಿಗೆ ಹೋಗಿವೆ; ಉಳಿದ 15 ಒಂಟೆಗಳು ನದಿಯ ದಡದಲ್ಲಿವೆ. ಹಾಗಾದರೆ ಒಂಟೆಗಳೆಷ್ಟು? ಒಟ್ಟು ಸಂಖ್ಯೆಯು ಪೂರ್ಣವರ್ಗವಾಗಿರಬೇಕು, ನಾಲ್ಕರಿಂದ ಭಾಗವಾಗಬೇಕು. 16 ಎಂದು ಭಾವಿಸಿದರೆ ಭಾಗಗಳ ಮೊತ್ತ 4, 8, 15 ಸೇರಿ 27 ಆಗಿ ಹಿಂಡನ್ನೇ ಮೀರುತ್ತದೆ. 36 ಎಂದರೆ 9, 12, 15 ಸೇರಿ ಸರಿಯಾಗಿ 36 ಆಗುತ್ತದೆ. ಹೀಗೆ ತಡಕಾಡದೆ ನೇರವಾಗಿ ಉತ್ತರವನ್ನು ಪಡೆಯುವ ಸೂತ್ರವನ್ನೂ ಆಚಾರ್ಯನು ಕೊಟ್ಟಿದ್ದಾನೆ. ಕಥೆಯ ಕುತೂಹಲದಿಂದ ಲೆಕ್ಕಕ್ಕೆ ಇಳಿದ ಶಿಷ್ಯನು ತನಗರಿವಿಲ್ಲದೆಯೇ ವರ್ಗಸಮೀಕರಣವನ್ನು ಬಿಡಿಸಿರುತ್ತಾನೆ.

ಯಾವ ಸಂಖ್ಯೆಯ ವರ್ಗವೂ ಋಣವಾಗಲಾರದು. ಆದುದರಿಂದ ಋಣಸಂಖ್ಯೆಗೆ ವರ್ಗಮೂಲವಿಲ್ಲವೆಂದು ಅವನು ಸ್ಪಷ್ಟವಾಗಿ ತಿಳಿಸಿದನು. ಅಂತಹ ಮೂಲಗಳಿಗಾಗಿ ಹೊಸ ಬಗೆಯ ಸಂಖ್ಯೆಗಳನ್ನು ಯೂರೋಪಿನ ಗಣಿತಜ್ಞರು ಕಲ್ಪಿಸಿಕೊಂಡದ್ದು ಏಳುನೂರು ವರ್ಷಗಳ ಅನಂತರ. ಆದರೆ ಸೊನ್ನೆಯಿಂದ ಭಾಗಿಸಿದರೆ ಸಂಖ್ಯೆಯು ಬದಲಾಗದೆಂದು ಹೇಳಿ ಅವನೂ ತಪ್ಪಿದನು. ಆ ಪ್ರಶ್ನೆಯನ್ನು ಭಾಸ್ಕರಾಚಾರ್ಯನು ಹನ್ನೆರಡನೆಯ ಶತಮಾನದಲ್ಲಿ ಮತ್ತೆ ಕೈಗೆತ್ತಿಕೊಂಡನು. ಹಿರಿಯರು ಹೇಳಿದರೆಂದು ಒಪ್ಪಿಬಿಡದೆ ಪರೀಕ್ಷಿಸಿ ನೋಡುವುದೇ ಶಾಸ್ತ್ರವು ಬೆಳೆಯುವ ಬಗೆ.

‘ಗಣಿತಸಾರಸಂಗ್ರಹ’ವನ್ನು ಹನ್ನೊಂದನೆಯ ಶತಮಾನದಲ್ಲಿ ಪಾವುಲೂರಿ ಮಲ್ಲನನು ತೆಲುಗಿಗೆ ತಂದನು. 1912ರಲ್ಲಿ ಎಂ. ರಂಗಾಚಾರ್ಯರು ಇಂಗ್ಲಿಷ್ ಅನುವಾದದೊಡನೆ ಮದರಾಸಿನಲ್ಲಿ ಪ್ರಕಟಿಸಿದರು. 2000ದಲ್ಲಿ ಪದ್ಮಾವತಮ್ಮನವರ ಕನ್ನಡ ಅನುವಾದವು ಶಿವಮೊಗ್ಗ ಜಿಲ್ಲೆಯ ಹೊಂಬುಜದಿಂದ ಹೊರಬಂದಿತು. ಕನ್ನಡದ ಅರಸನ ಕಾಲದಲ್ಲಿ ಮೂಡಿದ ಲೆಕ್ಕಗಳು ಹೀಗೆ ಸಾವಿರದ ನೂರಕ್ಕೂ ಮಿಕ್ಕ ವರ್ಷಗಳ ಅನಂತರ ಕನ್ನಡದ ಮಕ್ಕಳ ಕೈಗೆ ದೊರೆತವು.