ತಂದೆಯ ದಾರಿ ಬಿಟ್ಟು ತಂದೆ ಕಲಿಸಿದ ಕಿತಾಬಿಗೇ ಮರಳಿದ ಆಝಾದ್

ಮೌಲಾನಾ ಅಬುಲ್ ಕಲಾಂ ಆಝಾದ್ ಅವರ ಹೆಸರು ಕೇಳದ ಮನೆ ನಮ್ಮಲ್ಲಿ ಇರಲಿಕ್ಕಿಲ್ಲ. ಸರಕಾರದ ಮೌಲಾನಾ ಆಝಾದ್ ಮಾದರಿ ಶಾಲೆಗಳಲ್ಲಿ ನಮ್ಮ ಮಕ್ಕಳೇ ಕಲೀತಾ ಇದ್ದಾರೆ. ನವೆಂಬರ್ 11 ಬಂದರೆ ಅವರ ಜನ್ಮದಿನದ ನೆನಪಿಗೆ ರಾಷ್ಟ್ರೀಯ ಶಿಕ್ಷಣ ದಿನ ಆಚರಿಸ್ತಾರೆ. ಸ್ವತಂತ್ರ ಭಾರತದ ಪ್ರಥಮ ಶಿಕ್ಷಣ ಸಚಿವರು ಅಂತ ಮಕ್ಕಳು ಭಾಷಣದಲ್ಲಿ ಬಾಯಿಪಾಠ ಹೇಳ್ತಾರೆ. ಆದರೆ ಅದೇ ಆಝಾದರು ಜೀವನದಲ್ಲಿ ಒಂದು ದಿನವೂ ಶಾಲೆಗೆ ಹೋದವರಲ್ಲ. ಅವರನ್ನು ಶಾಲೆಗೆ ಕಳಿಸದೇ ಇದ್ದದ್ದು ಅವರ ತಂದೆ. ಆ ತಂದೆ ಮತ್ತು ಮಗನ ನಡುವಿನ ವಿಷಯ ಇವತ್ತಿನ ನಮ್ಮ ಮನೆಗಳಿಗೂ ಸೇರಿದ್ದು. ಹಾಗಾಗಿ ಇಲ್ಲಿ ಸ್ವಲ್ಪ ವಿವರವಾಗಿ ಹೇಳುತ್ತೇನೆ.

ಆಝಾದರ ತಂದೆ ಮೌಲಾನಾ ಖೈರುದ್ದೀನ್ ಸಾಮಾನ್ಯ ವ್ಯಕ್ತಿ ಆಗಿರಲಿಲ್ಲ. 1857ರ ಆಸುಪಾಸಿನಲ್ಲಿ ದಿಲ್ಲಿಯ ಪರಿಸ್ಥಿತಿ ಕೆಟ್ಟಾಗ ಮಕ್ಕಾಕ್ಕೆ ಹೋಗಿ ನೆಲೆಸಿದ ಕುಟುಂಬ ಅವರದು. ಮದೀನಾದ ವಿದ್ವಾಂಸರ ಮನೆತನದ ಅರಬ್ ಹೆಣ್ಣುಮಗಳನ್ನು ಅವರು ನಿಕಾಹ್ ಆದರು. ಹಜ್ಜಿಗೆ ಹೋಗಿ ಬಂದವರು ನಹ್ರ್ ಝುಬೈದಾ ಕಾಲುವೆಯ ಬಗ್ಗೆ ಕೇಳಿರಬಹುದು. ಹಾಳಾಗಿದ್ದ ಆ ಕಾಲುವೆಯ ದುರಸ್ತಿಗೆ ಹಲವು ದೇಶಗಳಿಂದ ಹಣ ಸಂಗ್ರಹಿಸಿದವರು ಇದೇ ಖೈರುದ್ದೀನ್. ಅರಬಿಯಲ್ಲಿ ದೊಡ್ಡ ಗ್ರಂಥ ಬರೆದವರು. ಭಾರತದಲ್ಲಿ ಅವರಿಗೆ ಸಾವಿರಾರು ಮುರೀದರಿದ್ದರು.

1888ರಲ್ಲಿ ಮಕ್ಕಾದಲ್ಲಿ ಅವರಿಗೆ ಕಿರಿಯ ಮಗ ಹುಟ್ಟಿದ. ಇಟ್ಟ ಹೆಸರು ಮುಹಿಯುದ್ದೀನ್ ಅಹ್ಮದ್. ಮಗು ಚಿಕ್ಕದಿರುವಾಗ ತಂದೆಗೆ ಜಿದ್ದಾದಲ್ಲಿ ಬಿದ್ದು ಕಾಲಿನ ಮೂಳೆ ಮುರಿಯಿತು. ಅಲ್ಲಿ ಸರಿಯಾಗಿ ಕೂಡಲಿಲ್ಲ. ಕಲ್ಕತ್ತಾದಲ್ಲಿ ಒಳ್ಳೆಯ ವೈದ್ಯರಿದ್ದಾರೆ ಅಂತ ಕೇಳಿ ಕುಟುಂಬ ಸಮೇತ ಬಂದರು. ಸ್ವಲ್ಪ ದಿನ ಇದ್ದು ಹೋಗುವ ಅಂತ ಬಂದವರನ್ನು ಮುರೀದರು ಹೋಗಲು ಬಿಡಲಿಲ್ಲ. ಒಂದು ವರ್ಷದೊಳಗೆ ತಾಯಿ ತೀರಿಕೊಂಡರು. ಮಕ್ಕಳು ತಂದೆಯ ನೆರಳಲ್ಲೇ ಬೆಳೆದರು.

ಖೈರುದ್ದೀನರಿಗೆ ಹೊಸ ಶಿಕ್ಷಣದಲ್ಲಿ ಎಳ್ಳಷ್ಟೂ ನಂಬಿಕೆ ಇರಲಿಲ್ಲ. ಇಂಗ್ಲಿಷ್ ವಿದ್ಯೆ ಕಲಿತರೆ ಮಕ್ಕಳ ಈಮಾನ್ ಹೋಗ್ತದೆ ಅನ್ನುವುದು ಅವರ ದೃಢ ಅಭಿಪ್ರಾಯ. ಇಂಗ್ಲಿಷ್ ಶಾಲೆ ಬಿಡಿ, ಕಲ್ಕತ್ತಾದ ಹೆಸರುವಾಸಿ ಮದ್ರಸದ ಬಗ್ಗೆಯೂ ಅವರಿಗೆ ಒಳ್ಳೆಯ ಅಭಿಪ್ರಾಯ ಇರಲಿಲ್ಲ. ಹಾಗಾಗಿ ಮನೆಯೇ ಮದ್ರಸ ಆಯಿತು. ಮೊದಲು ತಾನೇ ಪಾಠ ಹೇಳಿದರು. ನಂತರ ಒಂದೊಂದು ವಿಷಯಕ್ಕೆ ಒಬ್ಬೊಬ್ಬ ಉಸ್ತಾದರನ್ನು ಮನೆಗೇ ಕರೆಸಿದರು. ಫಾರ್ಸಿ, ಅರಬಿ, ತತ್ವಶಾಸ್ತ್ರ, ಗಣಿತ, ಮಂತಿಕ್ ಅಂದರೆ ತರ್ಕಶಾಸ್ತ್ರ ಎಲ್ಲವೂ ಆಯಿತು. ಬೇರೆಯವರು 20, 25 ವರ್ಷಕ್ಕೆ ಮುಗಿಸುವ ದರ್ಸೆ ನಿಝಾಮಿಯನ್ನು ಈ ಹುಡುಗ 16ನೇ ವಯಸ್ಸಿಗೆ ಮುಗಿಸಿದ. ಕಲಿತದ್ದು ಗಟ್ಟಿಯಾಗಬೇಕಾದರೆ ಕಲಿಸಬೇಕು ಅನ್ನುವುದು ಆ ಕಾಲದ ಪದ್ಧತಿ. ತಂದೆ ಸುಮಾರು 15 ಮಂದಿ ವಿದ್ಯಾರ್ಥಿಗಳನ್ನು ಕರೆತಂದು ಮಗನ ಮುಂದೆ ಕೂರಿಸಿದರು.

ಬಾಲ್ಯದ ಒಂದು ಸಂಗತಿಯನ್ನು ಅವರ ಅಕ್ಕ ನೆನಪಿಸಿಕೊಂಡಿದ್ದಾರೆ. ಹುಡುಗ ಮನೆಯ ಪೆಟ್ಟಿಗೆಗಳನ್ನು ಸಾಲಾಗಿ ಇಟ್ಟು ರೈಲು ಮಾಡ್ತಿದ್ದ. ತಂದೆಯ ಪೇಟ ತಲೆಗೆ ಸುತ್ತಿಕೊಂಡು ಅದರಲ್ಲಿ ಕೂರ್ತಿದ್ದ. ದಿಲ್ಲಿಯಿಂದ ಮೌಲಾನಾ ಬಂದಿದ್ದಾರೆ, ದಾರಿ ಬಿಡಿ ಅಂತ ಅಕ್ಕಂದಿರು ಕೂಗಬೇಕು. ಇಲ್ಲಿ ಜನ ಯಾರೂ ಇಲ್ಲವಲ್ಲ ಅಂತ ಅವರು ಹೇಳಿದರೆ, ಇದು ಆಟ, ಜನ ಇದ್ದಾರೆ ಅಂತ ತಿಳಿದುಕೊಳ್ಳಿ ಅನ್ನುತ್ತಿದ್ದ. ತಂದೆಯ ಹಾಗೆ ಆಗಬೇಕು ಅನ್ನುವ ಆಸೆ ಆ ಮಗುವಿಗೆ ಎಷ್ಟಿತ್ತು ನೋಡಿ.

ಆದರೆ ಹದಿಹರೆಯಕ್ಕೆ ಬಂದಾಗ ಅದೇ ಹುಡುಗನ ಕೈಗೆ ಸರ್ ಸಯ್ಯದ್ ಅಹ್ಮದ್ ಖಾನರ ಬರಹಗಳು ಸಿಕ್ಕವು. ಅಲೀಗಢದಲ್ಲಿ 1875ರಲ್ಲಿ ಹೊಸ ಶಿಕ್ಷಣದ ಸಂಸ್ಥೆ ಕಟ್ಟಿದ ಸರ್ ಸಯ್ಯದರ ವಿಚಾರಗಳು ಖೈರುದ್ದೀನರಿಗೆ ಸ್ವಲ್ಪವೂ ಸರಿಬರುತ್ತಿರಲಿಲ್ಲ. ಮಗ ಮಾತ್ರ ಅದನ್ನೇ ಹಗಲು ರಾತ್ರಿ ಓದಿದ. ಹೊಸ ವಿಜ್ಞಾನ, ಹೊಸ ತತ್ವಜ್ಞಾನ ತಿಳಿಯದೆ ಈ ಕಾಲದಲ್ಲಿ ಒಬ್ಬ ವಿದ್ಯಾವಂತ ಅನ್ನಿಸಿಕೊಳ್ಳಲು ಸಾಧ್ಯವಿಲ್ಲ ಅಂತ ಅವನಿಗೆ ಅನಿಸಿತು. ಮೌಲವಿ ಮುಹಮ್ಮದ್ ಯೂಸುಫ್ ಜಾಫ್ರಿ ಎಂಬವರ ಬಳಿ ಹೋಗಿ ಇಂಗ್ಲಿಷ್ ಅಕ್ಷರಮಾಲೆ ಕಲಿತ. ಮುಂದೆ ಇಂಗ್ಲಿಷ್, ಫಾರ್ಸಿ, ಉರ್ದು ಈ ಮೂರು ಭಾಷೆಯ ಬೈಬಲ್‌ಗಳನ್ನು ಪಕ್ಕಪಕ್ಕ ಇಟ್ಟು ಹೋಲಿಸಿ ಓದಿದ. ಶಬ್ದಕೋಶ ಹಿಡಿದು ಇಂಗ್ಲಿಷ್ ಪತ್ರಿಕೆ ಓದಿದ. ಉಸ್ತಾದ್ ಒಬ್ಬರಿಂದ ಬಂದದ್ದು ಅಕ್ಷರ ಮಾತ್ರ, ಉಳಿದದ್ದು ಸ್ವಂತ ಪರಿಶ್ರಮ.

ಬರವಣಿಗೆ ಅದಕ್ಕೂ ಮೊದಲೇ ಶುರುವಾಗಿತ್ತು. 1903ರಲ್ಲಿ, 15ನೇ ವಯಸ್ಸಿಗೆ, ಲಿಸಾನುಸ್ಸಿದ್ಕ್ ಎಂಬ ಮಾಸಿಕ ಹೊರಡಿಸಿದ್ದರು. ಅದನ್ನು ಓದಿದ್ದ ದೊಡ್ಡ ವಿದ್ವಾಂಸ ಶಿಬ್ಲಿ ನೂಮಾನಿ ಮುಂಬೈಯಲ್ಲಿ ಇವರನ್ನು ಮೊದಲ ಸಲ ಕಂಡಾಗ ಅಬುಲ್ ಕಲಾಂ ಅವರ ಮಗ ಇರಬೇಕು ಅಂತಲೇ ತಿಳಿದಿದ್ದರಂತೆ! ಮೀಸೆ ಚಿಗುರದ ಹುಡುಗ ಇಷ್ಟು ಬರೆಯಬಹುದು ಅಂತ ಯಾರೂ ಊಹಿಸಿರಲಿಲ್ಲ.

ಹೊರಗೆ ಹೆಸರು ಬರುತ್ತಿದ್ದ ಅದೇ ಸಮಯಕ್ಕೆ ಒಳಗೆ ದೊಡ್ಡ ತಳಮಳ. ಮುಸ್ಲಿಮರಲ್ಲಿ ಇಷ್ಟು ಪಂಗಡಗಳು ಯಾಕೆ, ಒಬ್ಬರು ಇನ್ನೊಬ್ಬರನ್ನು ಕಾಫಿರ್ ಅಂತ ಯಾಕೆ ಕರೆಯುತ್ತಾರೆ, ಸತ್ಯ ಒಂದೇ ಆದರೆ ಧರ್ಮಗಳ ನಡುವೆ ಜಗಳ ಯಾಕೆ? ಮನೆಯಲ್ಲಿ ಸಿಕ್ಕಿದ ಉತ್ತರಗಳು ಅವರಿಗೆ ಸಾಕಾಗಲಿಲ್ಲ. ತಂದೆಯಿಂದ ಬಂದದ್ದನ್ನು ತಂದೆಯಿಂದ ಬಂತು ಅನ್ನುವ ಒಂದೇ ಕಾರಣಕ್ಕೆ ಒಪ್ಪಿಕೊಳ್ಳಲು ಮನಸ್ಸು ಬರಲಿಲ್ಲ. ಸಂಶಯದಲ್ಲೇ ಕೆಲವು ವರ್ಷ ಕಳೆದವು. ಆ ದಿನಗಳಲ್ಲೇ ಅವರು ಆಝಾದ್ ಎಂಬ ಕಾವ್ಯನಾಮ ಇಟ್ಟುಕೊಂಡದ್ದು. ಆಝಾದ್ ಅಂದರೆ ಬಿಡುಗಡೆಯಾದವನು. ನಾವೆಲ್ಲ ಅದು ಬ್ರಿಟಿಷರಿಂದ ಬಿಡುಗಡೆ ಅಂತ ತಿಳಿದಿದ್ದೇವೆ. ಅವರ ಆತ್ಮಕಥೆಯ ಪ್ರಕಾರ ಅದು ಪರಂಪರೆಯಿಂದ ಸುಮ್ಮನೆ ಬಂದ ನಂಬಿಕೆಗಳಿಗೆ ತಾನು ಇನ್ನು ಕಟ್ಟುಬಿದ್ದಿಲ್ಲ ಅನ್ನುವುದರ ಸೂಚನೆ.

ಇಷ್ಟಾದರೂ ಅವರು ಬೀದಿಯಲ್ಲಿ ನಿಂತು ತಂದೆಯನ್ನು ಹೀಯಾಳಿಸಿದವರಲ್ಲ. ನಂತರದ ಬರಹಗಳಲ್ಲೂ ತಂದೆಯ ಇಲ್ಮ್, ತಂದೆಯ ಶ್ರಮ ಎಲ್ಲವನ್ನೂ ಗೌರವದಿಂದಲೇ ದಾಖಲಿಸಿದ್ದಾರೆ. ಭಿನ್ನಾಭಿಪ್ರಾಯ ಬೇರೆ, ಬೇಅದಬಿ ಬೇರೆ ಅನ್ನುವುದು ಅವರಿಗೆ ಚೆನ್ನಾಗಿ ತಿಳಿದಿತ್ತು.

1905ರಲ್ಲಿ ಬಂಗಾಳ ವಿಭಜನೆ ಆಯಿತು. ಕಲ್ಕತ್ತಾದ ಹುಡುಗರೆಲ್ಲ ಬ್ರಿಟಿಷರ ವಿರುದ್ಧ ಎದ್ದು ನಿಂತರು. ಆಗಿನ ಕ್ರಾಂತಿಕಾರಿ ಗುಂಪುಗಳಲ್ಲಿ ಮುಸ್ಲಿಮರ ಮೇಲೆ ನಂಬಿಕೆ ಇರಲಿಲ್ಲ. ಆಝಾದರು ಅವರೊಳಗೆ ಹೋಗಿ ಆ ಸಂಶಯವನ್ನು ತೊಡೆಯಲು ಪ್ರಯತ್ನಿಸಿದರು. ಇರಾಕ್, ಈಜಿಪ್ಟ್, ಟರ್ಕಿಗಳ ಪ್ರವಾಸ ಮಾಡಿದಾಗ, ಅಲ್ಲಿನ ಮುಸ್ಲಿಂ ಯುವಕರೂ ತಮ್ಮ ದೇಶದ ಸ್ವಾತಂತ್ರ್ಯಕ್ಕಾಗಿ ಹೋರಾಡುವುದನ್ನು ಕಂಡರು. ತಂದೆಗೆ ಕಾಯಿಲೆ ಎಂಬ ಸುದ್ದಿ ಕೇಳಿ ಊರಿಗೆ ಮರಳಿದರು. 1908ರಲ್ಲಿ ಖೈರುದ್ದೀನ್ ತೀರಿಕೊಂಡರು. ಆಗ ಮಗನಿಗೆ 20 ವರ್ಷವೂ ತುಂಬಿರಲಿಲ್ಲ.

ಅಣ್ಣ ಅಬೂ ನಸ್ರ್ ಅದಕ್ಕೂ ಮೊದಲೇ ತೀರಿಹೋಗಿದ್ದರು. ಸಾವಿರಾರು ಮುರೀದರು ಈಗ ಕಿರಿಯ ಮಗನ ಕಡೆ ನೋಡಿದರು. ಗದ್ದುಗೆ ಖಾಲಿ ಇತ್ತು. ಒಪ್ಪಿಕೊಂಡಿದ್ದರೆ ಜೀವನಪೂರ್ತಿ ಹಣಕ್ಕೂ ಗೌರವಕ್ಕೂ ಕೊರತೆ ಇರುತ್ತಿರಲಿಲ್ಲ. ಜನ ಬಂದು ಕೈಗೆ ಮುತ್ತಿಡುವುದು, ತಲೆಬಾಗುವುದು ಅವರಿಗೆ ಹಿಡಿಸುತ್ತಿರಲಿಲ್ಲ. ತಂದೆ ಪೀರ್ ಆಗಿದ್ದರು ಅಂತ ಮಗನೂ ಪೀರ್ ಆಗಬೇಕಾಗಿಲ್ಲ ಅಂತ ಆ ಸ್ಥಾನವನ್ನೇ ಬಿಟ್ಟುಬಿಟ್ಟರು.

ಇಲ್ಲಿಂದ ಮುಂದಿನದ್ದು ಪಠ್ಯಪುಸ್ತಕಗಳಲ್ಲಿ ಉಂಟು. 1912ರ ಜುಲೈಯಲ್ಲಿ ಅಲ್ ಹಿಲಾಲ್ ಪತ್ರಿಕೆ ಶುರುವಾಯಿತು. ಸರಕಾರ ಮೊದಲು 2,000 ರೂಪಾಯಿ ಠೇವಣಿ ಕೇಳಿ ಮುಟ್ಟುಗೋಲು ಹಾಕಿತು, ನಂತರ 10,000 ಕೇಳಿತು. ಪತ್ರಿಕೆ ನಿಂತಿತು. 1916ರಲ್ಲಿ ಅವರನ್ನೇ ಬಂಗಾಳದಿಂದ ಹೊರಗೆ ಹಾಕಿದರು. ನಾಲ್ಕು ವರ್ಷದ ಹತ್ತಿರ ರಾಂಚಿಯಲ್ಲಿ ನಿರ್ಬಂಧ. ಅಲ್ಲಿ ಅವರು ಸುಮ್ಮನೆ ಕೂರಲಿಲ್ಲ, ಒಂದು ಮದ್ರಸ ಕಟ್ಟಿದರು. 1923ರಲ್ಲಿ 35ನೇ ವಯಸ್ಸಿಗೆ ಕಾಂಗ್ರೆಸ್ ಅಧ್ಯಕ್ಷರಾದರು. 1942ರಲ್ಲಿ ಅಹ್ಮದ್‌ನಗರ ಕೋಟೆಯಲ್ಲಿ ಬಂಧಿಯಾಗಿದ್ದರು. 1943ರಲ್ಲಿ ಪತ್ನಿ ಝುಲೈಖಾ ಬೇಗಂ ತೀರಿಕೊಂಡಾಗ ಕೊನೆಯ ಸಲ ಮುಖ ನೋಡಲೂ ಸಾಧ್ಯವಾಗಲಿಲ್ಲ.

ಕಾಲ ಯಾರನ್ನೂ ಮಗನ ಜಾಗದಲ್ಲೇ ನಿಲ್ಲಿಸುವುದಿಲ್ಲ. ದೇಶ ವಿಭಜನೆಗೆ ಮುನ್ನ ಅಲೀಗಢದ ರೈಲು ನಿಲ್ದಾಣದಲ್ಲಿ ವಿದ್ಯಾರ್ಥಿಗಳು ಅವರ ವಿರುದ್ಧ ಘೋಷಣೆ ಕೂಗಿ ಅವಮಾನ ಮಾಡಿದರು. ಒಂದು ಕಾಲದಲ್ಲಿ ಹಿರಿಯರ ಮಾತು ಒಪ್ಪದ ಹುಡುಗ ಈಗ ಹುಡುಗರ ಸಿಟ್ಟಿಗೆ ಗುರಿಯಾದ ಹಿರಿಯ. ಸಚಿವರಾದ ಮೇಲೆ ಸೇಡು ತೀರಿಸಬಹುದಿತ್ತು. ಅವರು ಅದೇ ಅಲೀಗಢ ವಿಶ್ವವಿದ್ಯಾನಿಲಯದ ಬೆನ್ನಿಗೆ ನಿಂತರು. 1949ರಲ್ಲಿ ಅಲ್ಲಿನ ಘಟಿಕೋತ್ಸವಕ್ಕೆ ಹೋಗಿ, ಸ್ವತಂತ್ರ ಭಾರತದಲ್ಲಿ ತಮ್ಮ ಪಾಲಿಗೆ ಅಂಜದೆ ನಿಲ್ಲುವಂತೆ ಯುವಕರಿಗೆ ಧೈರ್ಯ ತುಂಬಿದರು. ಶಾಲೆಗೇ ಹೋಗದವರು 1951ರಲ್ಲಿ ಖರಗ್‌ಪುರದ ಮೊದಲ ಐಐಟಿಯನ್ನು ಉದ್ಘಾಟಿಸಿದರು, 1953ರಲ್ಲಿ ಯುಜಿಸಿಗೆ ಚಾಲನೆ ನೀಡಿದರು. 1958ರ ಫೆಬ್ರವರಿ 22ರಂದು ತೀರಿಕೊಂಡರು. ದಿಲ್ಲಿಯ ಜಾಮಿಯಾ ಮಸೀದಿಯ ಹತ್ತಿರ ಅವರ ಕಬರ್ ಇದೆ.

ಇಂಗ್ಲಿಷ್ ಕಲಿತರೆ ಈಮಾನ್ ಹೋಗ್ತದೆ ಅನ್ನುವ ಭಯ ಖೈರುದ್ದೀನರಿಗೆ ಇತ್ತಲ್ವಾ? ಮಗ ಇಂಗ್ಲಿಷೂ ಕಲಿತರು, ಸಂಶಯದಲ್ಲೂ ಬಿದ್ದರು. ಆ ಸಂಶಯದಿಂದ ಎದ್ದು ಬಂದು ಬದುಕಿನ ಅತಿ ದೊಡ್ಡ ಕೆಲಸವಾಗಿ ಕೈಗೆತ್ತಿಕೊಂಡದ್ದು ಕುರ್‌ಆನಿನ ಅನುವಾದ ಮತ್ತು ವ್ಯಾಖ್ಯಾನವನ್ನು. ಪೊಲೀಸರು ಹಸ್ತಪ್ರತಿಗಳನ್ನು ಹೊತ್ತೊಯ್ದರೂ ಮತ್ತೆ ಕೂತು ಬರೆದರು. 1930ರ ದಶಕದಲ್ಲಿ ತರ್ಜುಮಾನುಲ್ ಕುರ್‌ಆನ್ ಹೊರಬಂತು. ಅದನ್ನು ಬರೆಯಲು ಬೇಕಾದ ಅರಬಿ, ತರ್ಕ, ಓದುವ ಶಿಸ್ತು ಎಲ್ಲವೂ ತಂದೆಯ ಮನೆಯಲ್ಲಿ ಸಿಕ್ಕಿದ್ದೇ. ತಂದೆಯ ಗದ್ದುಗೆ ಬಿಟ್ಟರೂ ತಂದೆ ಕೊಟ್ಟ ಇಲ್ಮನ್ನು ಬಿಡಲಿಲ್ಲ.

ಇವತ್ತು ನಮ್ಮ ಮನೆಗಳಲ್ಲಿಯೂ ಪಿಯುಸಿ, ಇಂಜಿನಿಯರಿಂಗ್ ಓದುವ ಮಕ್ಕಳು ಪ್ರಶ್ನೆ ಕೇಳ್ತಾರೆ. ಪ್ರಶ್ನೆ ಕೇಳಿದ ಕೂಡಲೇ ಮಗ ಕೈ ತಪ್ಪಿದ, ಮಗಳು ಹಾಳಾದಳು ಅಂತ ಹಿರಿಯರು ಕಂಗಾಲಾಗ್ತಾರೆ. ಬೈದರೆ ಮಕ್ಕಳು ಸುಮ್ಮನಾಗ್ತಾರೆ, ಆದರೆ ಪ್ರಶ್ನೆ ಸುಮ್ಮನಾಗುವುದಿಲ್ಲ, ಅದು ಮೊಬೈಲಿನಲ್ಲಿ ಬೇರೆಯವರ ಹತ್ತಿರ ಉತ್ತರ ಹುಡುಕಿಕೊಂಡು ಹೋಗ್ತದೆ. ಚಿಕ್ಕಂದಿನಲ್ಲಿ ಗಟ್ಟಿಯಾಗಿ ಕಲಿಸಿದ್ದರೆ ಪ್ರಶ್ನೆಗೆ ಹೆದರಬೇಕಾಗಿಲ್ಲ. ಮಕ್ಕಳಿಗೂ ಒಂದು ಮಾತು: ತಂದೆಯನ್ನು ಒಪ್ಪದೇ ಇರಬಹುದು, ತಂದೆಯಿಂದ ಪಡೆದದ್ದನ್ನು ಮರೆಯಬಾರದು.

ಖೈರುದ್ದೀನರು ತೀರಿಹೋದದ್ದು 1908ರಲ್ಲಿ. ಅಲ್ ಹಿಲಾಲ್ ಬಂದದ್ದು ನಾಲ್ಕು ವರ್ಷದ ನಂತರ, ತರ್ಜುಮಾನ್ ಬಂದದ್ದು 20 ವರ್ಷಕ್ಕೂ ಹೆಚ್ಚು ಕಾಲದ ನಂತರ. ತನ್ನ ದಾರಿ ಬಿಟ್ಟು ಹೊರಟ ಮಗ ಎಲ್ಲಿಗೆ ತಲುಪಿದ ಅನ್ನುವುದನ್ನು ನೋಡಲು ಆ ತಂದೆ ಇರಲಿಲ್ಲ.